ನಾಲ್ಕೂವರೆಗೆ ಸಾಯುವ ಸಾರಜ್ಜಿ

ಸಾರಜ್ಜಿ ದಿನಾ ಸಂಜೆ ನಾಲ್ಕೂವರೆಗೆ ಸಾಯುತ್ತಿದ್ದಳು. ಭಾನುವಾರ ಮಾತ್ರ ಎರಡು ಸಲ, ಯಾಕೆಂದರೆ ಅವತ್ತು ಬೆಳಿಗ್ಗೆ ಹನ್ನೊಂದಕ್ಕೂ ಒಂದು ತಂಡ ಬರುತ್ತಿತ್ತು.

ಸಾಯಿಸುತ್ತಿದ್ದವನು ಗೈಡ್. ಕೆಟ್ಟವನೇನಲ್ಲ. ತಲೆಗೆ ಹುಲ್ಲಿನ ಟೋಪಿ, ಕೈಯಲ್ಲಿ ಹಳದಿ ಛತ್ರಿ, ಎಲ್ಲರಿಗೂ ಅಕ್ಕ, ಅಣ್ಣ ಎನ್ನುವ ಬಾಯಿ. ಅವನ ಹಿಂದೆ ಇಪ್ಪತ್ತು ಮೂವತ್ತು ಜನ. ತಿನ್ನುತ್ತಾ ನಡೆಯುವುದು, ನಡೆಯುತ್ತಾ ಇತಿಹಾಸ ಕೇಳುವುದು, ಅದಕ್ಕೊಂದು ಟಿಕೆಟ್. ಮೂಲೆಯ ಬೇಕರಿಯಲ್ಲಿ ಬಿಸ್ಕತ್ತು, ಹಳೇ ಪುಸ್ತಕದಂಗಡಿಯಲ್ಲಿ ಕಾಫಿ, ಗಿಟಾರ್ ರಿಪೇರಿಯವನ ಬಾಗಿಲಲ್ಲಿ ಒಂದು ಹಾಡು. ಆಮೇಲೆ ಹೋಟೆಲಿನ ಹಿಂದಿನ ಓಣಿ. ಅಲ್ಲಿ ಗೋಡೆ ತುಂಬ ಸಾರಜ್ಜಿಯ ಚಿತ್ರ. ಅದರ ಕೆಳಗೆ ನಿಂತು ಗೈಡ್ ಟೋಪಿ ತೆಗೆಯುತ್ತಿದ್ದ. ಟೋಪಿ ತೆಗೆದನೆಂದರೆ ಅಜ್ಜಿ ಹೋದಳೆಂದೇ ಅರ್ಥ.

ಆ ಗೋಡೆಯ ಹಿಂದೆಯೇ ಎಂಟಡಿ ಅಗಲದ ಕೋಣೆ. ಕೋಣೆಯಲ್ಲಿ ಮಂಚ. ಮಂಚದ ಮೇಲೆ ಸಾರಜ್ಜಿ ಮಲಗಿಕೊಂಡು ತನ್ನ ಸಾವನ್ನು ಕಿವಿಯಾರೆ ಕೇಳುತ್ತಿದ್ದಳು.

"ಇವತ್ತು ಹೇಗೆ ಸತ್ತೆ?" ಮಗಳು ಆರು ಗಂಟೆಗೆ ಕೆಲಸ ಮುಗಿಸಿ ಬಂದವಳೇ ಕೇಳುತ್ತಿದ್ದಳು.

"ಜ್ವರ ಬಂದು."

"ನಿನ್ನೆ ಪ್ರವಾಹ ಅಂದಿದ್ನಲ್ಲ?"

"ನಿನ್ನೆ ಹೆಂಗಸರು ಜಾಸ್ತಿ ಇದ್ರು ಕಣೇ. ಪ್ರವಾಹ ಅಂದ್ರೆ ಅವರು ಕಣ್ಣೊರೆಸ್ಕೋತಾರೆ. ಇವತ್ತು ಬರೀ ಕ್ಯಾಮೆರಾದವರು. ಜ್ವರಕ್ಕೇ ಮುಗಿಸಿಬಿಟ್ಟ."

ಮಗಳಿಗೆ ಓಣಿಯವರೆಲ್ಲ ಇಟ್ಟಿದ್ದ ಹೆಸರು ಪಾತ್ರೆಯಕ್ಕ. ಆ ಹೋಟೆಲಿನಲ್ಲಿ ಮೂವತ್ತೊಂದು ವರ್ಷದಿಂದ ಪಾತ್ರೆ ತಿಕ್ಕುತ್ತಿದ್ದಳು. ಬೆರಳ ಸಂದಿಯ ಚರ್ಮ ಬಿಳಿಚಿ ಬಿರಿದಿತ್ತು. ಸೋಪಿನ ನೀರು ತಾಗಿದರೆ ಉರಿ, ತಾಗದಿದ್ದರೆ ತುರಿಕೆ. ಸೊಂಟ ಪೂರ್ತಿ ನೆಟ್ಟಗಾಗುವುದನ್ನು ಬಿಟ್ಟು ಬಹಳ ವರ್ಷವಾಗಿತ್ತು. ತಳ ಹಿಡಿದ ಹಂಡೆ ಕೆರೆಯಲು ಅವಳ ಹತ್ತಿರ ಒಂದು ಚಮಚ ಇತ್ತು. ಕೆರೆದೂ ಕೆರೆದೂ ಅದರ ತುದಿ ಉಳಿಯಷ್ಟು ಚೂಪಾಗಿತ್ತು. ಅದನ್ನು ಸೊಂಟಕ್ಕೆ ಸಿಕ್ಕಿಸಿಕೊಂಡೇ ಓಡಾಡುತ್ತಿದ್ದಳು.

ಗೈಡ್ ಹೇಳುವ ಕಥೆ ಹೀಗಿತ್ತು. ಈ ಹೋಟೆಲಿನ ದೊಡ್ಡ ಯಜಮಾನರು ಕರುಣಾಳು. ಬಡ ಕೆಲಸಗಾರರಿಗಾಗಿ ಈ ಕಿಂಡಿಯಿಂದ ಮೂಳೆಸಾರು ಕೊಡಿಸುತ್ತಿದ್ದರು. ಸಾರಜ್ಜಿ ಎಂಬ ನಿಷ್ಠಾವಂತ ಹೆಂಗಸು ಅದನ್ನು ಬಡಿಸುತ್ತಿದ್ದರು. ಆ ಜನ ಇಲ್ಲಿದ್ದರು. ಕಾಲ ಬದಲಾಯಿತು, ಹೊರಟುಹೋದರು.

ನಡೆದದ್ದು ಬೇರೆ. ಆ ಓಣಿಯಲ್ಲಿದ್ದವರು ಊರಿನ ಚರಂಡಿಗೆ ಇಳಿಯುವವರು. ಹೋಟೆಲಿನ ಬಟ್ಟಲು ಅವರು ಮುಟ್ಟುವ ಹಾಗಿರಲಿಲ್ಲ. ಹಿಂಬಾಗಿಲ ಹೊರಗೆ ಮೊಳೆಗೆ ತೂಗುಹಾಕಿದ ತಗಡಿನ ಲೋಟಗಳಿದ್ದವು, ಅವು ಅವರಿಗೆ. ಅಡುಗೆಮನೆಯವರು ಎಸೆದ ಮೂಳೆಗಳನ್ನು ಆಯ್ದು ಸಾರಜ್ಜಿ ಹಿತ್ತಿಲ ಒಲೆಯಲ್ಲಿ ಬೆಳಗಿನಿಂದ ಕುದಿಸಿ, ಚರಂಡಿಯಿಂದ ಮೇಲೆ ಬಂದು ನಡುಗುವವರಿಗೆ ಹಾಕುತ್ತಿದ್ದಳು. ಅದರ ವಾಸನೆ ಮುಂದಿನ ಊಟದ ಹಾಲಿಗೆ ಹೋಯಿತು. ಗಿರಾಕಿಗಳು ಅದೇನದು, ನಮಗೂ ತನ್ನಿ ಅಂದರು. ಮಾರನೇ ದಿನದಿಂದ ಅದು ಹೋಟೆಲಿನ ಸಾರು. ಅದಕ್ಕೆ ಪಿಂಗಾಣಿ ಬಟ್ಟಲು ಬಂತು. ಕುದಿಸಿದವಳು ಮಾತ್ರ ನಲವತ್ತು ವರ್ಷ ಹಿತ್ತಿಲಲ್ಲೇ ಕುದಿಸಿದಳು. ಮುಂದಿನ ಹಾಲಿನ ನೆಲ ಯಾವ ಬಣ್ಣದ್ದು ಅಂತ ಅವಳಿಗೆ ಇವತ್ತಿಗೂ ಗೊತ್ತಿಲ್ಲ.

ಚರಂಡಿಗೆ ಇಳಿಯುವವರದ್ದೊಂದು ಕೂಗಿತ್ತು. ಒಬ್ಬ ಒಳಗೆ ಇಳಿದರೆ ಮೇಲೊಬ್ಬರು ಹಗ್ಗ ಹಿಡಿದು ನಿಲ್ಲಬೇಕು. ನಿಂತವರು ನಿಮಿಷಕ್ಕೊಮ್ಮೆ ಕೂಗಬೇಕು: "ಇದ್ದೀಯಾಆಆ?" ಒಳಗಿನಿಂದ ಉತ್ತರ ಬರಬೇಕು: "ಇದ್ದೀನೀಈಈ." ಗಿಡ್ಡ ಮಾತು ಚರಂಡಿಯಲ್ಲಿ ಕೇಳಿಸುವುದಿಲ್ಲ, ಎಳೆದೇ ಕೂಗಬೇಕು. ಉತ್ತರ ಬರಲಿಲ್ಲವೋ, ಹಗ್ಗ ಎಳೆಯಬೇಕು. ಯಾರೇ ಕೂಗಲಿ, ಎಷ್ಟೇ ಸಿಟ್ಟಿರಲಿ, ಉತ್ತರ ಕೊಡದೆ ಇರುವ ಹಾಗಿಲ್ಲ. ಮನೆಗಳಲ್ಲೂ ಅದೇ ಅಭ್ಯಾಸ. ಗಂಡ ಹೆಂಡತಿ ಮಾತು ಬಿಟ್ಟಿದ್ದರೂ ಇದ್ದೀಯಾ ಅಂದರೆ ಇದ್ದೀನಿ ಅನ್ನಲೇಬೇಕು.

ಒಂದು ಮಧ್ಯಾಹ್ನ ಸಾರಜ್ಜಿ ಕೂಗಿದಳು. ಅವಳ ಗಂಡ ಹೋಟೆಲಿನದೇ ಚರಂಡಿಯ ಒಳಗಿದ್ದ. ಉತ್ತರ ಬರಲಿಲ್ಲ. ಹಗ್ಗ ಎಳೆದರು. ಅಷ್ಟೇ.

ಆ ವರ್ಷ ದೊಡ್ಡ ಯಜಮಾನ ಕೋಣೆ ಬರೆದುಕೊಟ್ಟ. ಬಾಯಿ ಮುಚ್ಚಿಸಲು ಕೊಟ್ಟದ್ದು, ಇರಲಿ. ನಗರಸಭೆ ಕಚೇರಿಯ ಪುಸ್ತಕದಲ್ಲಿ ಒಂದೇ ಸಾಲು: ಸದರಿಯವಳು ಇರುವವರೆಗೂ ಕೋಣೆ ಸದರಿಯವಳದು.

ಎಳೆದು ಮಾತಾಡುವ ಈ ಅಭ್ಯಾಸ ಪಾತ್ರೆಯಕ್ಕನನ್ನು ಶಾಲೆ ಬಿಡಿಸಿತ್ತು. ಮೂರನೇ ತರಗತಿಯಲ್ಲಿ ಅವಳು ಮನೆಯನ್ನು ಮಾನೇ ಎಂದು ಬರೆಯುತ್ತಿದ್ದಳು, ಮರವನ್ನು ಮಾರಾ ಎಂದು. ಕೇಳಿಸಿದ ಹಾಗೆ ಬರೆಯುತ್ತಿದ್ದಳು ಪಾಪ. "ನಿಮ್ಮ ಜನಕ್ಕೆ ಎಲ್ಲಾದಕ್ಕೂ ದೀರ್ಘ ಯಾಕೆ? ಬೇಡದ ಕಡೆ ಬಾಲ ಯಾಕೆ?" ಎಂದು ಮೇಷ್ಟ್ರು ಒಂದೊಂದು ದೀರ್ಘಕ್ಕೆ ಒಂದೊಂದು ಏಟು ಗೆಣ್ಣಿನ ಮೇಲೆ ಹಾಕುತ್ತಿದ್ದರು. ಅವರಿಗೆ ಅಂಥ ಕೂಗೊಂದಿದೆ ಎಂದು ಗೊತ್ತಿರಲಿಲ್ಲ. ತಿಳಿದುಕೊಳ್ಳಬೇಕೆಂದೂ ಅನ್ನಿಸಿರಲಿಲ್ಲ. ಊದಿದ ಗೆಣ್ಣಿನಲ್ಲೇ ಅವಳು ಪಾತ್ರೆಗೆ ಬಂದಳು.

ಊರಿನ ಆ ಭಾಗಕ್ಕೆ ಮೊದಲು ಚಿತ್ರ ಬರೆಯುವವರು ಬಂದರು, ಬಾಡಿಗೆ ಕಡಿಮೆ ಅಂತ. ಅವರನ್ನು ನೋಡಲು ಗಡ್ಡದವರು ಬಂದರು. ಗಡ್ಡದವರನ್ನು ನೋಡಲು ಕಾರಿನವರು ಬಂದರು. ಮನೆಗಳಿಗೆಲ್ಲ ಬಣ್ಣ ಬಂತು. ನಾತ ಹೋಯಿತು, ನಾತ ತೊಳೆದವರನ್ನೂ ಒಬ್ಬೊಬ್ಬರನ್ನಾಗಿ ಎಬ್ಬಿಸಿದರು. ಹೊರಟುಹೋದರು ಎನ್ನುವುದು ಗೈಡ್‌ನ ಮಾತು. ಉಳಿದದ್ದು ಆ ಒಂದು ಸಾಲಿನ ಬಲದ ಮೇಲೆ ಈ ಒಂದು ಕೋಣೆ.

ಮೊದಲ ದಿನ ತನ್ನ ಸಾವು ಕೇಳಿಸಿದಾಗ ಸಾರಜ್ಜಿ ಸುಮ್ಮನಿರಲಿಲ್ಲ. ಮಲಗಿದಲ್ಲಿಂದಲೇ ಕೂಗಿದಳು: "ಇದ್ದೀನೀಈಈ!"

ಗೈಡ್ ಬೆರಳೆತ್ತಿದ. "ಕೇಳಿಸ್ತಾ? ಚರಂಡಿ ಕೆಲಸದವರ ಕೂಗು. ಇವತ್ತಿಗೂ ಈ ಗೋಡೆಗಳಲ್ಲಿ ಪ್ರತಿಧ್ವನಿ ಇದೆ ಅಂತಾರೆ."

ಜನ ಚಪ್ಪಾಳೆ ತಟ್ಟಿದರು. ಸಾರಜ್ಜಿ ಆಮೇಲೆ ಗೈಡ್‌ಗೆ ಉತ್ತರ ಕೊಡುವುದನ್ನು ಬಿಟ್ಟಳು.

ಪಾತ್ರೆಯಕ್ಕ ಅವನನ್ನು ಹಿಡಿದು ಕೇಳಿದಳು. "ನಮ್ಮಮ್ಮ ಬದುಕಿದಾಳಲ್ಲಪ್ಪ. ಗೋಡೆ ಆಚೆಗೇ ಇದಾಳೆ. ನಿಂಗೂ ಗೊತ್ತು."

"ಗೊತ್ತಕ್ಕ," ಅಂದ ಗೈಡ್, ತುಂಬ ಮರ್ಯಾದೆಯಿಂದ. "ಆದ್ರೆ ಬದುಕಿದ್ರೆ ಅದು ಇತಿಹಾಸ ಆಗಲ್ಲ. ನೀವು ತಪ್ಪು ತಿಳ್ಕೋಬೇಡಿ."

ಹೋಟೆಲು ಈಗ ಚಿಕ್ಕ ಯಜಮಾನನದು. ಅವನು ಹೊಸ ತಗಡಿನ ಲೋಟ ನಲವತ್ತು ತರಿಸಿದ. "ಇವನ್ನ ಕಲ್ಲಲ್ಲಿ ಜಜ್ಜು," ಅಂದ ಪಾತ್ರೆಯಕ್ಕನಿಗೆ. "ಹಳೇದು ಅನ್ನಿಸ್ಬೇಕು. ತೊಳೆಯುವಾಗ ಹೊಳೆಯೋ ಹಾಗೆ ತಿಕ್ಕಬೇಡ." ಮೂವತ್ತೊಂದು ವರ್ಷ ಹೊಳೆಯಲಿಲ್ಲ ಅಂತ ಬೈಸಿಕೊಂಡವಳು ಕೂತು ನಲವತ್ತು ಲೋಟ ಜಜ್ಜಿದಳು. ಬಂದವರು ಅದರಲ್ಲಿ ಸಾರು ಕುಡಿದು, ಲೋಟ ಹಿಡಿದು ಫೋಟೋ ತೆಗೆಸಿಕೊಂಡರು. ಒಂದನ್ನು ಮನೆಗೆ ತಂದಾಗ ಸಾರಜ್ಜಿ ಮುಖ ತಿರುಗಿಸಿದಳು. "ಅದರಲ್ಲಿ ನಾನು ಕುಡಿಯಲ್ಲ. ಬದುಕಿದ್ದಾಗ ಕುಡಿದಿದ್ದು ಸಾಕು."

ಆಮೇಲೆ ಬಾಗಿಲಿನ ವಿಷಯ. ಅಜ್ಜನ ಕಾಲದಿಂದ ಇವರಿಗೆ ಇದ್ದದ್ದು ಹಿಂಬಾಗಿಲು. ಈಗ ಹಿಂಬಾಗಿಲು ಪ್ರವಾಸಿಗರದ್ದು. ಅದಕ್ಕೆ ಮೂಲ ಬಾಗಿಲು ಎಂದು ಹೆಸರಿಟ್ಟು ಹೂವಿನ ಕುಂಡ ಇಟ್ಟರು.

"ನಾಲ್ಕರಿಂದ ಆರರವರೆಗೆ ನೀನು ಆಚೆ ಬರಬಾರದು," ಅಂದ ಯಜಮಾನ. "ಕಿಂಡಿಯಿಂದ ಕೈ ಮಾತ್ರ ಕಾಣ್ಬೇಕು."

"ಅಮ್ಮನಿಗೆ ಹೊತ್ತು ಹೊತ್ತಿಗೆ ಮಗ್ಗುಲು ಬದಲಿಸ್ಬೇಕು ಯಜಮಾನ್ರೇ. ಮುಂಬಾಗಿಲಿಂದ ಹೋಗಿಬರ್ಲಾ?"

ಯಜಮಾನ ಅವಳ ಒದ್ದೆ ಕಾಲು ನೋಡಿದ. "ಮುಂದೆ ಗಿರಾಕಿಗಳಿರ್ತಾರೆ."

ಅದಾದ ಮೇಲೆ ಬೋರ್ಡ್ ಬಂತು. ನೀಲಿ ತಗಡು, ಬಿಳಿ ಅಕ್ಷರ. ಇವರ ಕೋಣೆಯ ಬಾಗಿಲ ಪಕ್ಕಕ್ಕೇ ಹೊಡೆದರು, ಇವರನ್ನು ಕೇಳದೆ. ಪಾತ್ರೆಯಕ್ಕ ಅಕ್ಷರ ಕೂಡಿಸಿ ಓದಿದಳು: ಸಾರಜ್ಜಿ ಈ ಕೋಣೆಯಲ್ಲಿ ವಾಸವಾಗಿದ್ದರು.

"ಏನಂತೆ?" ಒಳಗಿನಿಂದ ಸಾರಜ್ಜಿ ಕೇಳಿದಳು.

"ನೀನು ಇಲ್ಲಿದ್ದೆಯಂತೆ."

"ಬಹುವಚನದಲ್ಲಿ ಹೇಳಿದಾರಾ?"

"ಹೂಂ. ಇದ್ದರು ಅಂತಲೇ."

"ಪರವಾಗಿಲ್ಲ," ಅಂದಳು ಸಾರಜ್ಜಿ. "ಸತ್ತ ಮೇಲೆ ಮರ್ಯಾದೆ ಬಂತು."

ಒಂದು ವಾರಕ್ಕೆ ಕಚೇರಿಯ ಗುಮಾಸ್ತ ಬಂದ. ಕಂಕುಳಲ್ಲಿ ಫೈಲು, ಮೂಗಿನ ತುದಿಯಲ್ಲಿ ಕನ್ನಡಕ. ಪಾತ್ರೆಯಕ್ಕ ಅಮ್ಮನ ಬೆನ್ನು ಒರೆಸುತ್ತಿದ್ದಳು.

"ಈ ಕೋಣೆ ಖಾಲಿ ಇದೆ ಅಂತ ಹೋಟೆಲಿನವರು ಅರ್ಜಿ ಕೊಟ್ಟಿದಾರೆ. ಸಾರಜ್ಜಿ ಬಾಳಿದ ಕೋಣೆ ಅಂತ ಮಾಡಿ ಜನಕ್ಕೆ ತೋರಿಸ್ತಾರಂತೆ."

"ಸಾರಜ್ಜಿ ಇಲ್ಲೇ ಮಲಗಿದಾಳಲ್ಲ ಸಾರ್."

ಗುಮಾಸ್ತ ಮಂಚ ನೋಡಿದ. ಕಾಗದ ನೋಡಿದ. "ಅವರು ತೀರ್ಕೊಂಡಿದಾರಲ್ಲಮ್ಮ?"

"ಅವಳನ್ನೇ ಕೇಳಿ."

"ಏನಜ್ಜಿ?"

"ಇವತ್ತಿನದು ಇನ್ನೂ ಆಗಿಲ್ಲಪ್ಪ," ಅಂದಳು ಸಾರಜ್ಜಿ. "ನಾಲ್ಕೂವರೆಗೆ."

ಗುಮಾಸ್ತ ನಗಲಿಲ್ಲ. ಅವನ ಕೆಲಸದಲ್ಲಿ ನಗು ಇರಲಿಲ್ಲ. "ನೋಡಮ್ಮ, ನಾನು ಬರೆದಿರೋದನ್ನ ನೋಡೋನು. ಪುಸ್ತಕದಲ್ಲಿ ಇರುವವರೆಗೂ ಅಂತಿದೆ. ಆಚೆ ಬೋರ್ಡಲ್ಲಿ ಇದ್ದರು ಅಂತಿದೆ. ಇದ್ದಾರೆ ಅಂತಿದ್ದಿದ್ರೆ ನಾನು ಬರ್ತಾನೇ ಇರ್ಲಿಲ್ಲ. ಹದಿನೈದು ದಿನ ಬಿಟ್ಟು ಬರ್ತೀನಿ. ಅಷ್ಟರೊಳಗೆ ಸಾಮಾನು ತೆಗೀರಿ."

"ಮಂಚದ ಮೇಲಿರೋದು?"

ಗುಮಾಸ್ತ ಫೈಲು ತಿರುವಿದ. ಪುಣ್ಯಾತ್ಮ ನಿಜಕ್ಕೂ ಹುಡುಕಿದ. "ಅದೂ ಸಾಮಾನಲ್ಲೇ ಬರುತ್ತೆ ಅನ್ಸುತ್ತೆ."

ಪಾತ್ರೆಯಕ್ಕ ಯಜಮಾನನ ಹತ್ತಿರ ಹೋದಳು. ಗೈಡ್ ಅಲ್ಲೇ ಕೂತಿದ್ದ. ಇಬ್ಬರೂ ಸಿಟ್ಟು ಮಾಡಿಕೊಳ್ಳಲಿಲ್ಲ. ಅವರ ಹತ್ತಿರ ಒಂದು ಉಪಾಯವೂ ಇತ್ತು.

"ನಿಮಗೆ ಕೆಲಸ ಹೋಗಲ್ಲಕ್ಕ," ಅಂದ ಗೈಡ್. "ಕೋಣೇಲಿ ಸಾರಜ್ಜಿ ಆಗಿ ನೀವೇ ಕೂತ್ಕೊಳ್ಳಿ. ಮುಖ ಅಚ್ಚು ಹಾಕಿದ ಹಾಗಿದೆ. ಮಾತಾಡ್ಬೇಕಾಗಿಲ್ಲ. ಸುಮ್ನೆ ಸೌಟು ಹಿಡ್ಕೊಂಡಿದ್ರೆ ಸಾಕು."

"ನಿಜವಾದ ಸಾರಜ್ಜಿ?"

"ಎಲ್ಲಾದ್ರೂ ಆಶ್ರಮಕ್ಕೆ ಸೇರಿಸು," ಅಂದ ಯಜಮಾನ. "ಇಬ್ಬಿಬ್ಬರಿದ್ರೆ ಕಥೆ ಕೆಡುತ್ತೆ."

ಅವಳಿಗೆ ಬಾಯಿಗೆ ಬಂದದ್ದನ್ನು ಅನ್ನಬೇಕೆನಿಸಿತು. ಅನ್ನಲಿಲ್ಲ. ಮೂವತ್ತೊಂದು ವರ್ಷ ಬಾಯಿ ಮುಚ್ಚಿ ತಿಕ್ಕಿದವಳಿಗೆ ಬಾಯಿ ತೆರೆಯುವುದು ಅಷ್ಟು ಬೇಗ ಬರುವುದಿಲ್ಲ. ಹೋಗಿ ಲೋಟ ತೊಳೆದಳು.

ಹನ್ನೆರಡನೇ ದಿನ ಆಗಬಾರದ್ದು ಆಯಿತು. ಐದು ಗಂಟೆ. ಕಿಂಡಿಯ ಮುಂದೆ ಜನ. ಅವಳು ಒಳಗೆ ನಿಂತು ಲೋಟಕ್ಕೆ ಸಾರು ಹಾಕಿ ಕೈ ಚಾಚುತ್ತಿದ್ದಳು. ಗೋಡೆಯ ಆಚೆಯಿಂದ ಕೂಗು ಬಂತು: "ಇದ್ದೀಯಾಆಆ?"

ಅವಳ ಕೈ ನಿಂತಿತು. ಯಜಮಾನ ಬಾಗಿಲಲ್ಲೇ ಇದ್ದ, ತುಟಿಗೆ ಬೆರಳಿಟ್ಟ. ಮತ್ತೆ ಕೂಗು ಬಂತು: "ಇದ್ದೀಯಾಆಆ?" ಪ್ರವಾಸಿಗರು ಮೊಬೈಲ್ ಎತ್ತಿ ಪ್ರತಿಧ್ವನಿ ಹಿಡಿದುಕೊಂಡರು. ಮೂರನೇ ಸಲ ದನಿ ಸಣ್ಣಗಾಗಿತ್ತು. ಪಾತ್ರೆಯಕ್ಕ ತುಟಿ ಕಚ್ಚಿಕೊಂಡು ಸಾರು ಹಾಕಿದಳು. ಹುಟ್ಟಿದಾಗಿನಿಂದ ಆ ಕೂಗಿಗೆ ಅವಳು ಉತ್ತರ ಕೊಡದೆ ಇದ್ದದ್ದು ಅದೇ ಮೊದಲು.

ಆರು ಗಂಟೆಗೆ ಓಡಿ ಬಂದಳು. ಸಾರಜ್ಜಿ ನೆಲದ ಮೇಲಿದ್ದಳು. ಬಟ್ಟೆಯೆಲ್ಲ ಒದ್ದೆ, ಹೊಲಸು. ಮೊಣಕೈ ತರಚಿತ್ತು. ಬಿಸಿನೀರು ಕಾಯಿಸಿ ತೊಳೆದಳು. ಬಟ್ಟೆ ಬದಲಿಸಿದಳು. ಎತ್ತಿ ಮಂಚಕ್ಕೆ ಹಾಕಿದಳು. ಮೂಳೆ ಬಿಟ್ಟರೆ ಬೇರೆ ಭಾರವೇ ಇರಲಿಲ್ಲ.

"ಕೂಗಿದೆ," ಅಂದಳು ಸಾರಜ್ಜಿ.

"ಕೇಳಿಸ್ತು."

"ಉತ್ತರ ಬರಲಿಲ್ಲ. ನಾನು ಹಗ್ಗ ಹುಡುಕಿದೆ ಕಣೇ. ಎದ್ದು ಹುಡುಕಿದೆ."

ಪಾತ್ರೆಯಕ್ಕ ಒದ್ದೆ ಬಟ್ಟೆಯನ್ನು ಮುಖಕ್ಕೆ ಒತ್ತಿಕೊಂಡು ಅತ್ತಳು. ನಾಚಿಕೆಗೆ ಅತ್ತಳು. ಸಾರಜ್ಜಿ ಸಮಾಧಾನ ಮಾಡಲಿಲ್ಲ.

ಹದಿನೈದನೇ ದಿನ ತಂಡ ದೊಡ್ಡದಿತ್ತು. ನಾಲ್ಕೂವರೆಗೆ ಸರಿಯಾಗಿ ಗೈಡ್ ಟೋಪಿ ತೆಗೆದ. "ಕೊನೆಯ ದಿನವೂ ಆ ತಾಯಿ ಕೈಯಲ್ಲಿ ಸೌಟು ಹಿಡಿದೇ..." ಅನ್ನುವಷ್ಟರಲ್ಲಿ ಗೋಡೆಯೊಳಗಿನಿಂದ ಬಂತು.

"ಇದ್ದೀಯಾಆಆ?"

ಗೈಡ್ ಬೆರಳೆತ್ತಿದ. ಮೊಬೈಲುಗಳು ಮೇಲೆದ್ದವು. ಯಜಮಾನ ತುಟಿಗೆ ಬೆರಳಿಟ್ಟ.

ಪಾತ್ರೆಯಕ್ಕ ಸೌಟು ಕೆಳಗಿಟ್ಟಳು.

"ಇದ್ದೀನೀಈಈ!"

ಕಿಂಡಿಯ ಮುಂದಿದ್ದವನ ಕೈಯಿಂದ ಲೋಟ ಬಿತ್ತು. ಅವಳು ಸಾರಿನ ಹಂಡೆಯ ತಳಕ್ಕೆ ಕೈ ಹಾಕಿ ಅಂಗೈ ತುಂಬ ಮಸಿ ಬಳಿದುಕೊಂಡಳು. ಜಿಡ್ಡು ಸೇರಿದ ಮಸಿ, ಸೋಪಿಗೂ ಜಗ್ಗುವುದಿಲ್ಲ. ಅದರ ಜಾತಕ ಅವಳಿಗೆ ಗೊತ್ತು. ಯಜಮಾನನನ್ನು ಪಕ್ಕಕ್ಕೆ ತಳ್ಳಿ, ಹೂವಿನ ಕುಂಡ ದಾಟಿ, ಮೂಲ ಬಾಗಿಲಿಂದ ಆಚೆ ಬಂದಳು. ಜನ ದಾರಿ ಬಿಟ್ಟರು. ಇದೂ ಟಿಕೆಟ್ಟಿನಲ್ಲಿ ಸೇರಿದೆ ಅಂದುಕೊಂಡಿರಬೇಕು.

ಬೋರ್ಡಿನ ಮುಂದೆ ನಿಂತು ಸೊಂಟದ ಚಮಚ ತೆಗೆದಳು. ಕೊನೆಯ ಅಕ್ಷರದ ಕೊಂಬನ್ನು ಕೆರೆದಳು. ತಳ ಹಿಡಿದ ಹಂಡೆಗೆ ಇದಕ್ಕಿಂತ ಜಾಸ್ತಿ ಕಷ್ಟಪಟ್ಟಿದ್ದಳು. ಬಣ್ಣ ಎದ್ದು ಬಂತು. ಆ ಅಕ್ಷರದ ತಲೆಗೆ ಹೆಬ್ಬೆರಳಿನಿಂದ ಮಸಿಯ ಎತ್ವ ಹಾಕಿದಳು. ಅದರ ಹಿಂದಿನ ಅಕ್ಷರಕ್ಕೆ ಒಂದು ದೀರ್ಘ ಎಳೆದಳು. ಉದ್ದಕ್ಕೆ ಎಳೆದಳು, ಮೇಷ್ಟ್ರ ಏಟುಗಳೆಲ್ಲ ಲೆಕ್ಕಕ್ಕೆ ಬರುವಷ್ಟು. ಬೋರ್ಡ್ ಮುಗಿದರೂ ಬಿಡದೆ ಗೋಡೆಗೂ ಇಳಿಸಿದಳು.

"ಅಕ್ಕಾ, ಏನ್ ಮಾಡ್ತಿದೀರಾ?" ಗೈಡ್ ಛತ್ರಿ ಹಿಡಿದೇ ಓಡಿ ಬಂದ.

"ತಪ್ಪು ತಿದ್ದುತಿದೀನಿ."

ಕನ್ನಡಕದ ಹೆಂಗಸೊಬ್ಬಳು ಗಟ್ಟಿಯಾಗಿ ಓದಿದಳು: "ಸಾರಜ್ಜಿ ಈ ಕೋಣೆಯಲ್ಲಿ ವಾಸವಾಗಿದ್ದಾರೆ." ಓದಿ ಗೈಡ್ ಕಡೆ ತಿರುಗಿದಳು. "ಸತ್ತರು ಅಂದ್ರಲ್ಲ ನೀವು?"

ಪಾತ್ರೆಯಕ್ಕ ಬಾಗಿಲು ತಳ್ಳಿ ತೆರೆದಳು. "ಅಮ್ಮಾ, ಇದ್ದೀಯಾಆಆ?"

"ಇದ್ದೀನೀಈಈ!" ಕತ್ತಲೆಯೊಳಗಿನಿಂದ ಬಂತು. "ಅವನಿಗೆ ಟೋಪಿ ಹಾಕ್ಕೊಳ್ಳೋಕೆ ಹೇಳು. ಬಿಸಿಲಿದೆ."

ಯಾರೂ ಚಪ್ಪಾಳೆ ತಟ್ಟಲಿಲ್ಲ. ಹಿಂದೆ ನಿಂತಿದ್ದ ಒಬ್ಬ ತಗಡಿನ ಲೋಟವನ್ನು ನಿಧಾನಕ್ಕೆ ನೆಲದ ಮೇಲಿಟ್ಟ. ಗೈಡ್ ಟೋಪಿ ಹಾಕಿಕೊಂಡ.

"ನಾಳೆಯಿಂದ ಕೆಲಸಕ್ಕೆ ಬರಬೇಡ!" ಯಜಮಾನ ಕಿರುಚಿದ.

"ಬರೋಕೆ ಬಾಗಿಲೆಲ್ಲಿ ಉಳಿಸಿದೀರಾ?" ಅಂದಳು ಪಾತ್ರೆಯಕ್ಕ. "ಮುಂದಿನದು ಗಿರಾಕಿಗಳದು. ಹಿಂದಿನದು ಇವರದು. ನಾನೇನು ಚರಂಡಿಯಿಂದ ಬರ್ಲಾ? ನಮ್ಮಪ್ಪ ಬಂದಿದ್ದು ಸಾಕು."

ಆಗ ಗುಮಾಸ್ತ ಬಂದ, ಸಾಮಾನು ಹೊರಲು ಇಬ್ಬರನ್ನು ಕರೆದುಕೊಂಡು. ಜನ ನೋಡಿದ. ಬೋರ್ಡ್ ನೋಡಿದ. ಕನ್ನಡಕ ಒರೆಸಿ ಮತ್ತೊಮ್ಮೆ ನೋಡಿದ.

"ಇದ್ದಾರೆ ಅಂತಿದೆಯಲ್ಲ."

"ಇವಳು ಈಗ ತಾನೇ ಬರೆದಿದ್ದು!" ಅಂದ ಯಜಮಾನ.

"ಮೊದಲಿನದನ್ನ ಯಾರು ಬರೆದಿದ್ದು?"

"ನಾವು."

"ಸೀಲು ಇತ್ತಾ?"

"ಬೋರ್ಡಿಗೆ ಎಲ್ಲಿಯ ಸೀಲು ಸಾರ್?"

"ಹಾಗಾದ್ರೆ ಅದಕ್ಕೂ ಸೀಲಿಲ್ಲ, ಇದಕ್ಕೂ ಸೀಲಿಲ್ಲ." ಗುಮಾಸ್ತ ಫೈಲಿನಲ್ಲಿ ಏನೋ ಗೀಚಿದ. "ಇನ್ನೊಂದು ಸಲ ತಪಾಸಣೆ ಆಗ್ಬೇಕು. ಯಾವತ್ತು ಬರ್ತೀನಿ ಅಂತ ಹೇಳಲ್ಲ. ಬಂದ ದಿನ ಬೋರ್ಡಲ್ಲಿ ಏನಿರುತ್ತೋ ಅದನ್ನ ಬರ್ಕೋತೀನಿ."

ಇಬ್ಬರು ಹೊರೆಯಾಳುಗಳು ಬಂದ ದಾರಿಗೆ ಸುಂಕವಿಲ್ಲದೆ ಹೊರಟರು.

ಈಗ ಪಾತ್ರೆಯಕ್ಕ ಎರಡು ಬೀದಿ ಆಚೆ ಒಂದು ಮೆಸ್ಸಿನಲ್ಲಿ ತಿಕ್ಕುತ್ತಾಳೆ. ಅಲ್ಲಿ ಬಾಗಿಲು ಒಂದೇ, ಎಲ್ಲರೂ ಅದರಲ್ಲೇ. ಇಲ್ಲಿ ಯಜಮಾನನ ಪೇಂಟರ್ ಬೆಳಿಗ್ಗೆ ಬಂದು ಬೋರ್ಡಿಗೆ ಇದ್ದರು ಎಂದು ಬರೆದು ಹೋಗುತ್ತಾನೆ. ಮಧ್ಯಾಹ್ನ ಅವಳು ಬಂದು ಕೆರೆದು, ಎತ್ವ ಹಾಕಿ, ದೀರ್ಘ ಎಳೆಯುತ್ತಾಳೆ. ಗುಮಾಸ್ತ ಇನ್ನೂ ಬಂದಿಲ್ಲ. ನಾಳೆ ಬರಬಹುದು, ಇವತ್ತೇ ಬರಬಹುದು. ಗೈಡ್ ಈಗ ಅಲ್ಲಿ ಟೋಪಿ ತೆಗೆಯುವುದಿಲ್ಲ. ಈ ಬೋರ್ಡಿನ ಬಗ್ಗೆ ವಿವಾದವಿದೆ ಎಂದು ಹೇಳಿ ಬೇಗ ಬೇಗ ಮುಂದೆ ಹೋಗುತ್ತಾನೆ.

"ನಾನು ಈಗ ಹೇಗಿದೀನಂತೆ?" ಸಾರಜ್ಜಿ ಕೇಳುತ್ತಾಳೆ.

"ವಿವಾದದಲ್ಲಿದೀಯಂತೆ."

"ಇರ್ಲಿ ಬಿಡು, ಸಾಯೋದಕ್ಕಿಂತ ವಾಸಿ. ಬೋರ್ಡಲ್ಲಿ ಏನಿದೆ ಇವತ್ತು?"

"ಇದ್ದಾರೆ."

"ದೀರ್ಘ ಕೊಟ್ಟೆಯಾ?"

"ಮಾರುದ್ದ ಕೊಟ್ಟಿದೀನಿ."

"ಹಾಗಾದ್ರೆ ಊಟ ಹಾಕು," ಅನ್ನುತ್ತಾಳೆ ಸಾರಜ್ಜಿ.